ಗೊತ್ತಾದ ದಿನ, ಸರಿಹೋದ ದಿನ

ಒಂದು ಎಂಜಿನಿಯರಿಂಗ್ ಕಾಲೇಜಿನಲ್ಲಿ ವಿದ್ಯಾರ್ಥಿಗಳು ಮತ್ತು ಅಧ್ಯಾಪಕರ ಮುಂದೆ ಆಡಿದ ಮಾತುಗಳ ಬರಹ ರೂಪ

ಮೊದಲು ನನಗೇ ಆದ ಒಂದು ಘಟನೆ ಹೇಳುತ್ತೇನೆ. ಕೆಲವು ವರ್ಷಗಳ ಹಿಂದೆ ಅಮ್ಮನಿಗೆ ರಕ್ತ ಪರೀಕ್ಷೆ ಮಾಡಿಸಿದ್ದೆ. ಸಂಜೆ ಮೊಬೈಲಿಗೆ ಒಂದು ಲಿಂಕ್ ಬಂತು. ಒತ್ತಿದರೆ ರಿಪೋರ್ಟ್ ತೆರೆಯುತ್ತದೆ. ದೊಡ್ಡ ಪರದೆಯಲ್ಲಿ ನೋಡೋಣ ಅಂತ ಕಂಪ್ಯೂಟರಿನಲ್ಲಿ ಆ ವಿಳಾಸವನ್ನು ಕೈಯಲ್ಲೇ ಟೈಪ್ ಮಾಡಿದೆ. ಕೊನೆಯ ಒಂದು ಅಂಕಿ ತಪ್ಪಿತು. ತೆರೆದದ್ದು ಬೇರೆ ಯಾರದ್ದೋ ರಿಪೋರ್ಟ್. ಅವರ ಹೆಸರು, ವಯಸ್ಸು, ಫೋನ್ ನಂಬರ್, ಸಕ್ಕರೆ ಎಷ್ಟಿದೆ ಅನ್ನುವುದು, ಎಲ್ಲ ಕಣ್ಣೆದುರಿಗೆ. ಪಾಸ್‌ವರ್ಡ್ ಕೇಳಲಿಲ್ಲ, ಓಟಿಪಿ ಕೇಳಲಿಲ್ಲ. ತಕ್ಷಣ ಮುಚ್ಚಿಬಿಟ್ಟೆ.

ಈಗ ಇದನ್ನು ಯಾರಿಗೆ ಹೇಳುವುದು? ಲ್ಯಾಬಿಗೆ ಫೋನ್ ಮಾಡಿದೆ. ಕೌಂಟರಿನಲ್ಲಿದ್ದ ಹುಡುಗಿ, ‘ಸರ್, ನಿಮ್ಮ ರಿಪೋರ್ಟ್ ಬಂದಿದೆ ಅಲ್ವಾ?’ ಅಂದಳು. ಅವಳ ತಪ್ಪಿಲ್ಲ. ಅವಳ ಕೆಲಸ ಅಷ್ಟೇ. ವೆಬ್‌ಸೈಟಿನಲ್ಲಿದ್ದ ಇಮೇಲ್ ವಿಳಾಸಕ್ಕೆ ವಿವರವಾಗಿ ಬರೆದೆ. ಎರಡು ವಾರ ಉತ್ತರವಿಲ್ಲ. ಆಮೇಲೆ ಬಂದ ಉತ್ತರದಲ್ಲಿ, ನೀವು ಅನುಮತಿಯಿಲ್ಲದೆ ನಮ್ಮ ಸಿಸ್ಟಮ್ ಒಳಗೆ ಬಂದಿದ್ದೀರಿ, ಕಾನೂನು ಕ್ರಮ ತೆಗೆದುಕೊಳ್ಳಬೇಕಾಗುತ್ತದೆ ಅಂತ ಇತ್ತು. ನಿಜ ಹೇಳುತ್ತೇನೆ, ನನಗೆ ಭಯವಾಯಿತು. ಸುಮ್ಮನಾದೆ. ನಾಲ್ಕು ತಿಂಗಳಾದ ಮೇಲೆ ಅಮ್ಮನ ಮುಂದಿನ ಪರೀಕ್ಷೆಗೆ ಹೋದಾಗ ನೋಡಿದರೆ, ಲಿಂಕ್ ಒತ್ತಿದರೆ ಓಟಿಪಿ ಕೇಳುತ್ತಿತ್ತು. ಸರಿಮಾಡಿದ್ದರು. ಆದರೆ ಆ ನಾಲ್ಕು ತಿಂಗಳಲ್ಲಿ ಎಷ್ಟು ಜನರ ರಿಪೋರ್ಟ್ ಯಾರು ಯಾರು ನೋಡಿದರೋ, ರಿಪೋರ್ಟಿನ ಒಡೆಯರಿಗೆ ಇವತ್ತಿಗೂ ಗೊತ್ತಿಲ್ಲ.

ಆಗ ಗೆಳೆಯರಲ್ಲಿ ಅರ್ಧ ಜನ, ‘ಫೇಸ್‌ಬುಕ್ಕಿನಲ್ಲಿ ಹಾಕಿಬಿಡಬೇಕಿತ್ತು, ಮಾರನೇ ದಿನವೇ ಸರಿಮಾಡುತ್ತಿದ್ದರು’ ಅಂದರು. ಉಳಿದವರು, ‘ಹಾಕಿದ್ದರೆ ಅದೇ ರಾತ್ರಿ ಸಾವಿರ ಜನ ಅಂಕಿ ಬದಲಾಯಿಸಿ ನೋಡುತ್ತಿದ್ದರು’ ಅಂದರು. ಇಬ್ಬರ ಮಾತೂ ನಿಜ. ಇವತ್ತು ನಾನು ಮಾತಾಡಲು ಬಂದಿರುವುದು ಈ ಜಗಳದ ಬಗ್ಗೆ. ಲೋಪ ಗೊತ್ತಾದ ದಿನಕ್ಕೂ ಅದು ಸರಿಹೋದ ದಿನಕ್ಕೂ ನಡುವೆ ಒಂದಷ್ಟು ದಿನಗಳಿರುತ್ತವಲ್ಲ, ಆ ದಿನಗಳ ಬಗ್ಗೆ.

ಇದು ಕಂಪ್ಯೂಟರ್ ಬಂದ ಮೇಲೆ ಹುಟ್ಟಿದ ಜಗಳ ಅಂದುಕೊಳ್ಳಬೇಡಿ. 1851ರಲ್ಲಿ ಲಂಡನ್ನಿನಲ್ಲಿ ದೊಡ್ಡ ವಸ್ತುಪ್ರದರ್ಶನ ನಡೆಯಿತು. ಅಲ್ಲಿಗೆ ಅಮೆರಿಕದಿಂದ ಆಲ್ಫ್ರೆಡ್ ಹಾಬ್ಸ್ ಅನ್ನುವ ಬೀಗದ ಕುಶಲಿ ಬಂದ. ಚಬ್ ಕಂಪನಿಯ ಬೀಗ ಆ ಕಾಲಕ್ಕೆ ಬಹಳ ಹೆಸರಾದದ್ದು. ಅದನ್ನು ಸಾಕ್ಷಿಗಳ ಎದುರಿಗೆ ಸುಮಾರು 25 ನಿಮಿಷದಲ್ಲಿ ಬಿಚ್ಚಿ ತೋರಿಸಿದ. ಇನ್ನೊಂದು ಬ್ರಾಮಾ ಕಂಪನಿಯ ಬೀಗ. ಇದನ್ನು ಬಿಚ್ಚಿದವರಿಗೆ 200 ಗಿನಿ ಬಹುಮಾನ ಅಂತ ಪಿಕಡಿಲ್ಲಿಯ ಅಂಗಡಿಯ ಕಿಟಕಿಯಲ್ಲಿ ಬಹಳ ವರ್ಷಗಳಿಂದ ಇಟ್ಟಿದ್ದರು. ಹಾಬ್ಸ್ 16 ದಿನಗಳಲ್ಲಿ ಒಟ್ಟು 51 ಗಂಟೆ ಕೂತು ಅದನ್ನೂ ಬಿಚ್ಚಿದ. ಪತ್ರಿಕೆಗಳಲ್ಲಿ ಗಲಾಟೆಯೋ ಗಲಾಟೆ. ಇದನ್ನೆಲ್ಲ ಬಹಿರಂಗವಾಗಿ ತೋರಿಸಿದರೆ ಕಳ್ಳರಿಗೆ ಪಾಠ ಹೇಳಿಕೊಟ್ಟ ಹಾಗಾಗುವುದಿಲ್ಲವಾ ಅಂತ ಕೇಳಿದವರಿದ್ದರು. ಕಳ್ಳರಿಗೆ ಇದು ನಮಗಿಂತ ಮೊದಲೇ ಗೊತ್ತಿರುತ್ತದೆ, ಗೊತ್ತಿಲ್ಲದೆ ಇರುವುದು ಬೀಗ ಕೊಳ್ಳುವವರಿಗೆ ಮಾತ್ರ ಅಂತ ಉತ್ತರ ಕೊಟ್ಟವರೂ ಇದ್ದರು.

ಬೀಗದ ಜಾಗದಲ್ಲಿ ಸಾಫ್ಟ್‌ವೇರ್ ಹಾಕಿ. 170 ವರ್ಷ ಕಳೆದರೂ ಇವತ್ತಿನ ವಾದವೂ ಇದೇ.

ಸಾಫ್ಟ್‌ವೇರಿನಲ್ಲಿ ಈ ಜಗಳ ಜೋರಾದದ್ದು 1990ರ ದಶಕದಲ್ಲಿ. ಆಗ ಲೋಪ ಹುಡುಕಿದವರು ಕಂಪನಿಗೆ ಪತ್ರ ಬರೆದರೆ ಉತ್ತರವೇ ಬರುತ್ತಿರಲಿಲ್ಲ. ನನ್ನ ಲ್ಯಾಬಿನ ಕಥೆಯ ಹಾಗೆಯೇ. ಬೇಸತ್ತವರು ಎಲ್ಲ ವಿವರವನ್ನೂ ಬಹಿರಂಗವಾಗಿ ಹಾಕತೊಡಗಿದರು. ಕಂಪನಿಗಳು ಇದು ಅರಾಜಕತೆ ಅಂದವು. ಕೊನೆಗೆ ಒಂದು ನಡುದಾರಿ ಬಂತು. ಮೊದಲು ಕಂಪನಿಗೆ ಗುಟ್ಟಾಗಿ ಹೇಳು, ಒಂದು ಗಡುವು ಕೊಡು, ಗಡುವು ಮುಗಿದ ಮೇಲೆ ಲೋಕಕ್ಕೆ ಹೇಳು. ಲೋಪಗಳ ವರದಿ ನೋಡಿಕೊಳ್ಳುವ ಅಮೆರಿಕದ ಸರ್ಟ್ ಸಂಸ್ಥೆ 45 ದಿನ ಅಂತ ಗೊತ್ತುಮಾಡಿತು. ಗೂಗಲ್ 2014ರಲ್ಲಿ ಲೋಪ ಹುಡುಕಲು ಪ್ರಾಜೆಕ್ಟ್ ಝೀರೋ ಅನ್ನುವ ತಂಡ ಕಟ್ಟಿ 90 ದಿನ ಅಂತ ಇಟ್ಟುಕೊಂಡಿತು.

ಗಡುವು ಅಂದ ಮೇಲೆ ಅದರ ಕೊನೆಯ ದಿನ ಬರಲೇಬೇಕಲ್ಲ. 2015ರ ಜನವರಿ 11ರಂದು ಗೂಗಲ್ ವಿಂಡೋಸ್ 8.1ರ ಒಂದು ಲೋಪದ ವಿವರವನ್ನು ಬಹಿರಂಗ ಮಾಡಿತು. 90 ದಿನ ಮುಗಿದಿತ್ತು. ಮೈಕ್ರೋಸಾಫ್ಟ್‌ನ ಪ್ಯಾಚ್, ಅಂದರೆ ಲೋಪ ಸರಿಮಾಡುವ ತಿದ್ದುಪಡಿ, ಬರುವುದಿದ್ದದ್ದು 13ರಂದು. ಎರಡೇ ದಿನ ತಡೆಯಿರಿ ಅಂತ ಅವರು ಕೇಳಿಕೊಂಡಿದ್ದರು. ಗೂಗಲ್ ತಡೆಯಲಿಲ್ಲ. ಇದು ತತ್ತ್ವಕ್ಕಿಂತ ಹೆಚ್ಚಾಗಿ ಸಿಕ್ಕಿಹಾಕಿಸುವ ಆಟದ ಹಾಗಿದೆ ಅಂತ ಮೈಕ್ರೋಸಾಫ್ಟ್ ಸಿಟ್ಟಾಯಿತು. ನನಗೂ ಆಗ ಗೂಗಲ್ ಮಾಡಿದ್ದು ಸರಿಯೆನಿಸಲಿಲ್ಲ. ಎರಡು ದಿನ ಏನು ಮಹಾ! ಆದರೆ ಹದಿನೆಂಟು ವರ್ಷ ಸಾಫ್ಟ್‌ವೇರ್ ಕೆಲಸದಲ್ಲಿದ್ದು ನೋಡಿದ್ದೇನೆ, ಗಡುವು ಒಮ್ಮೆ ಬಗ್ಗುತ್ತದೆ ಅಂತ ಗೊತ್ತಾದರೆ ಯಾವ ಮ್ಯಾನೇಜರೂ ಅದನ್ನು ಗಡುವು ಅಂತ ಲೆಕ್ಕಕ್ಕೆ ಇಟ್ಟುಕೊಳ್ಳುವುದಿಲ್ಲ. ಮುಂದಿನ ತಿಂಗಳೇ ಗೂಗಲ್ ತನ್ನ ನಿಯಮಕ್ಕೆ ಒಂದು ಸಾಲು ಸೇರಿಸಿತು. ಪ್ಯಾಚ್ ಇನ್ನು 14 ದಿನದೊಳಗೆ ಬರುತ್ತದೆ ಅಂತ ಖಚಿತವಾಗಿ ಹೇಳಿದರೆ ಅಷ್ಟು ದಿನ ಕಾಯುತ್ತೇವೆ ಅಂತ. 2021ರಲ್ಲಿ ಇನ್ನೊಂದು ಬದಲಾವಣೆ ಮಾಡಿತು. ಪ್ಯಾಚ್ ಬಂದ ಮೇಲೂ ಜನ ಅದನ್ನು ಹಾಕಿಕೊಳ್ಳಲಿ ಅಂತ 30 ದಿನ ವಿವರ ಹೊರಗೆ ಬಿಡುವುದಿಲ್ಲ ಅಂತ. ಜಗಳದಿಂದ ನಿಯಮ ಹದಕ್ಕೆ ಬಂತು. ಅದಕ್ಕೇ ನನಗೆ ಈ ಜಗಳಗಳ ಮೇಲೆ ಗೌರವ.

ಗುಟ್ಟು ಎಷ್ಟು ದಿನ ನಿಲ್ಲುತ್ತದೆ? 2008ರ ಒಂದು ಕಥೆ ಕೇಳಿ. ಡ್ಯಾನ್ ಕಮಿನ್ಸ್ಕಿ ಅನ್ನುವ ಭದ್ರತಾ ತಜ್ಞರಿಗೆ ಡಿಎನ್‌ಎಸ್‌ನಲ್ಲಿ ಒಂದು ಲೋಪ ಕಂಡಿತು. ಡಿಎನ್‌ಎಸ್ ಅಂದರೆ ನೀವು ವೆಬ್‌ಸೈಟಿನ ಹೆಸರು ಕೊಟ್ಟರೆ ಅದು ಯಾವ ಕಂಪ್ಯೂಟರಿನಲ್ಲಿದೆ ಅಂತ ಹೇಳುವ ವ್ಯವಸ್ಥೆ. ಅದನ್ನೇ ಕೆಡಿಸಿದರೆ ನೀವು ಬ್ಯಾಂಕ್ ಅಂತ ಹೋಗಿ ಕಳ್ಳರ ಮನೆಗೆ ನುಗ್ಗಿರುತ್ತೀರಿ. ಮಾರ್ಚ್ 31ರಂದು ಮೈಕ್ರೋಸಾಫ್ಟ್‌ನ ಆವರಣದಲ್ಲಿ 16 ಜನ ತಜ್ಞರು ಗುಟ್ಟಾಗಿ ಸೇರಿದರು. ಒಬ್ಬರಿಗೊಬ್ಬರು ಪೈಪೋಟಿ ಮಾಡುವ ಕಂಪನಿಗಳೆಲ್ಲ ಸೇರಿ ಜುಲೈ 8ರಂದು ಒಟ್ಟಿಗೆ ಪ್ಯಾಚ್ ಬಿಡುಗಡೆ ಮಾಡಿದವು. ಮೂರು ತಿಂಗಳು ಗುಟ್ಟು ಹೊರಬೀಳಲಿಲ್ಲ! ಕಮಿನ್ಸ್ಕಿ ಎಲ್ಲರನ್ನೂ ಕೇಳಿಕೊಂಡದ್ದು ಒಂದೇ. ಇನ್ನು 30 ದಿನ ಲೋಪ ಏನಿರಬಹುದು ಅಂತ ಬಹಿರಂಗವಾಗಿ ಊಹಿಸಬೇಡಿ. 13ನೇ ದಿನಕ್ಕೆ ಒಬ್ಬರು ಸರಿಯಾಗಿಯೇ ಊಹಿಸಿಬಿಟ್ಟರು, ವಿವರ ಹೊರಬಿತ್ತು. ನೋಡಿ, ಪ್ಯಾಚ್ ಕೊಟ್ಟರೆ ಅದರಲ್ಲೇ ಅರ್ಧ ಉತ್ತರ ಇರುತ್ತದೆ. ಯಾವ ಗೋಡೆಗೆ ಹೊಸದಾಗಿ ಗಾರೆ ಮೆತ್ತಿದ್ದಾರೆ ಅಂತ ನೋಡಿದವರಿಗೆ, ಬಿರುಕು ಎಲ್ಲಿತ್ತು ಅಂತ ಗೊತ್ತಾಗುವುದಿಲ್ಲವಾ?

ಈಗ ಹಾರ್ಟ್‌ಬ್ಲೀಡ್ ಅನ್ನುವ ಲೋಪದ ವಿಷಯಕ್ಕೆ ಬರುತ್ತೇನೆ. ಇದನ್ನು ಸ್ವಲ್ಪ ನಿಧಾನವಾಗಿ ಹೇಳುತ್ತೇನೆ, ಯಾಕೆಂದರೆ ಇದರಲ್ಲಿ ಎಲ್ಲ ವಾದಗಳೂ ಬಂದು ಸೇರುತ್ತವೆ.

ಕೆಲವು ಬ್ರೌಸರುಗಳಲ್ಲಿ ವೆಬ್‌ಸೈಟಿನ ವಿಳಾಸದ ಪಕ್ಕ ಬೀಗದ ಚಿತ್ರ ಕಾಣುತ್ತದಲ್ಲ, ಅದರ ಹಿಂದೆ ಕೆಲಸ ಮಾಡುವ ಲೈಬ್ರರಿಗಳಲ್ಲಿ, ಅಂದರೆ ಬೇರೆ ಪ್ರೋಗ್ರಾಮುಗಳು ಎತ್ತಿಕೊಂಡು ಬಳಸುವ ಸಿದ್ಧ ಕೋಡುಗಳಲ್ಲಿ, ಒಂದು ಓಪನ್‌ಎಸ್‌ಎಸ್‌ಎಲ್. ಅದರಲ್ಲಿ 2012ರಲ್ಲಿ ಹಾರ್ಟ್‌ಬೀಟ್ ಅನ್ನುವ ಸೌಲಭ್ಯ ಬಂತು. ಸಂಪರ್ಕ ಇನ್ನೂ ಜೀವಂತ ಇದೆಯಾ ಅಂತ ಕೇಳಲು ಈ ಕಡೆಯಿಂದ ಒಂದು ಸಣ್ಣ ಮಾತು ಕಳಿಸುವುದು. ಆ ಕಡೆಯವರು ಅದೇ ಮಾತನ್ನು ವಾಪಸ್ ಕಳಿಸಬೇಕು. ಮಾತಿನ ಜೊತೆ ಅದು ಎಷ್ಟು ಉದ್ದ ಇದೆ ಅಂತಲೂ ಬರೆದು ಕಳಿಸಬೇಕು. ತೊಂದರೆ ಇದ್ದದ್ದು ಅಲ್ಲೇ. ಬರೆದ ಉದ್ದ ನಿಜವಾ ಅಂತ ಯಾರೂ ಅಳೆದು ನೋಡುತ್ತಿರಲಿಲ್ಲ.

ಹಿಟ್ಟಿನ ಗಿರಣಿ ನೆನಪು ಮಾಡಿಕೊಳ್ಳಿ. ನೀವು ಒಂದು ಸೇರು ರಾಗಿ ಕೊಟ್ಟು, ಚೀಟಿಯಲ್ಲಿ ಹತ್ತು ಸೇರು ಅಂತ ಬರೆದಿದ್ದೀರಿ. ಗಿರಣಿಯವನು ತೂಕ ಮಾಡಲಿಲ್ಲ. ನಿಮ್ಮ ಒಂದು ಸೇರಿನ ಹಿಟ್ಟು ಹಾಕಿದ, ಚೀಟಿ ನೋಡಿದ, ಪಕ್ಕದಲ್ಲಿದ್ದ ಇನ್ನೊಬ್ಬರ ಡಬ್ಬದಿಂದ ಒಂಬತ್ತು ಸೇರು ತೆಗೆದು ನಿಮಗೇ ತುಂಬಿಸಿಕೊಟ್ಟ. ಹಾರ್ಟ್‌ಬ್ಲೀಡ್ ಅಂದರೆ ಇಷ್ಟೇ. ಒಂದು ಸಲ ಕೇಳಿದರೆ ಸರ್ವರಿನ ಮೆಮೊರಿಯಿಂದ 64 ಕಿಲೋಬೈಟ್‌ವರೆಗೆ ಪರರ ಮಾಹಿತಿ ಸಿಗುತ್ತಿತ್ತು. ಎಷ್ಟು ಸಲ ಬೇಕಾದರೂ ಕೇಳಬಹುದಿತ್ತು. ಅದರಲ್ಲಿ ಪಾಸ್‌ವರ್ಡ್ ಇರಬಹುದು, ಸರ್ವರಿನ ಗುಪ್ತ ಕೀಲಿಯೇ ಇರಬಹುದು. ಕೇಳಿದ ಗುರುತು ಸಾಮಾನ್ಯವಾಗಿ ಸರ್ವರಿನ ದಿನಚರಿಯಾದ ಲಾಗ್‌ನಲ್ಲೂ ಉಳಿಯುತ್ತಿರಲಿಲ್ಲ.

ಇದು ಎರಡು ವರ್ಷ ಎಲ್ಲರ ಕಣ್ಣೆದುರಿಗೆ ಇತ್ತು. ಓಪನ್ ಸೋರ್ಸ್, ಯಾರು ಬೇಕಾದರೂ ಓದಬಹುದು. ಬಹಳ ಕಣ್ಣುಗಳು ನೋಡುತ್ತಿದ್ದರೆ ಯಾವ ಬಗ್, ಅಂದರೆ ಕೋಡಿನ ತಪ್ಪು, ಅಡಗಿ ಕೂರುವುದಿಲ್ಲ ಅನ್ನುವ ನಂಬಿಕೆ ನಮ್ಮ ಪೀಳಿಗೆಯವರಿಗೆ ಇತ್ತು. ನನಗೂ ಇತ್ತು. ಓದಬಹುದು ಅನ್ನುವುದಕ್ಕೂ ಓದುತ್ತಾರೆ ಅನ್ನುವುದಕ್ಕೂ ಎಷ್ಟು ದೂರ ಅಂತ ಗೊತ್ತಾದದ್ದು 2014ರ ಏಪ್ರಿಲ್‌ನಲ್ಲಿ, ಲೋಪ ಹೊರಬಿದ್ದಾಗ. ಓಪನ್‌ಎಸ್‌ಎಸ್‌ಎಲ್‌ಗೆ ಪೂರ್ತಿ ಸಮಯ ಕೊಟ್ಟು ಕೆಲಸ ಮಾಡುತ್ತಿದ್ದದ್ದು ಒಬ್ಬರೇ. ವರ್ಷಕ್ಕೆ ಬರುತ್ತಿದ್ದ ದೇಣಿಗೆ ಸುಮಾರು 2,000 ಡಾಲರ್. ಅದನ್ನು ಬಳಸುತ್ತಿದ್ದವರಲ್ಲಿ ಜಗತ್ತಿನ ಅತಿ ದೊಡ್ಡ ಕಂಪನಿಗಳಿದ್ದವು. ನಾನು ಕೆಲಸ ಮಾಡುತ್ತಿದ್ದ ಪ್ರಾಜೆಕ್ಟಿನಲ್ಲೂ ಅದು ಇತ್ತು. ನಾವು ಯಾರೂ ಅದರ ಒಂದು ಸಾಲನ್ನೂ ಓದಿರಲಿಲ್ಲ. ಇವತ್ತಿಗೂ ನನಗೆ ಅದು ನೋವಿನ ವಿಷಯ.

ಇನ್ನೊಂದು ಸಂಗತಿ ಗಮನಿಸಿ. ಈ ಲೋಪವನ್ನು ಗೂಗಲ್‌ನ ನೀಲ್ ಮೆಹ್ತಾ ಕಂಡುಹಿಡಿದರು. ಹೆಚ್ಚುಕಡಿಮೆ ಅದೇ ದಿನಗಳಲ್ಲಿ ಫಿನ್ಲೆಂಡಿನ ಕೋಡೆನಾಮಿಕಾನ್ ಕಂಪನಿಯವರೂ ಕಂಡುಹಿಡಿದರು. ಒಬ್ಬರ ವಿಷಯ ಇನ್ನೊಬ್ಬರಿಗೆ ಗೊತ್ತಿರಲಿಲ್ಲ. ಎರಡು ವರ್ಷ ಯಾರಿಗೂ ಕಾಣದ್ದು ಒಂದೇ ಸಮಯದಲ್ಲಿ ಇಬ್ಬರಿಗೆ ಕಂಡಿತು. ಹಾಗಿದ್ದರೆ ಮೂರನೆಯ ಒಬ್ಬರಿಗೆ, ಹೇಳುವ ಮನಸ್ಸಿಲ್ಲದ ಒಬ್ಬರಿಗೆ, ಕಂಡಿರಲಿಲ್ಲ ಅಂತ ಹೇಗೆ ನಂಬುವುದು? ‘ನಾವು ಗುಟ್ಟಾಗಿಟ್ಟಿದ್ದೇವೆ, ಬೇರೆ ಯಾರಿಗೂ ಗೊತ್ತಿಲ್ಲ’ ಅಂತ ಯಾರಾದರೂ ಹೇಳಿದಾಗ ನನಗೆ ನೆನಪಾಗುವುದು ಇದೇ.

ಗೂಗಲ್ ಓಪನ್‌ಎಸ್‌ಎಸ್‌ಎಲ್ ತಂಡಕ್ಕೆ ತಿಳಿಸಿದ್ದು 2014ರ ಏಪ್ರಿಲ್ 1ರಂದು. ಲೋಕಕ್ಕೆ ಗೊತ್ತಾದದ್ದು 7ರಂದು. ಆ ಆರು ದಿನಗಳಲ್ಲಿ ವೆಬ್‌ಸೈಟುಗಳಿಗೆ ಸೇವೆ ಕೊಡುವ ಕ್ಲೌಡ್‌ಫ್ಲೇರ್‌ನಂಥ ಕೆಲವು ಕಂಪನಿಗಳಿಗೆ ಮೊದಲೇ ಸುದ್ದಿ ಮುಟ್ಟಿತ್ತು, ಅವರು ಸರಿಮಾಡಿಕೊಂಡಿದ್ದರು. ಯಾಹೂಗೆ ಸುದ್ದಿ ಇರಲಿಲ್ಲ. ಎಲ್ಲರಿಗೂ ಗೊತ್ತಾದ ದಿನ ಯಾಹೂ ಸರ್ವರುಗಳು ಹಾಗೇ ತೆರೆದುಕೊಂಡಿದ್ದವು. ಕೆನಡಾದ ತೆರಿಗೆ ಇಲಾಖೆ ವೆಬ್‌ಸೈಟನ್ನೇ ಮುಚ್ಚಿತು, ಅಷ್ಟರಲ್ಲಿ ಸುಮಾರು 900 ಜನರ ಗುರುತಿನ ಸಂಖ್ಯೆಗಳು ಕಳವಾಗಿದ್ದವು. ಮೊದಲು ಯಾರಿಗೆ ಹೇಳಬೇಕು? ದೊಡ್ಡವರಿಗೆ ಹೇಳಿದರೆ ಒಂದೇ ಏಟಿಗೆ ಕೋಟ್ಯಂತರ ಬಳಕೆದಾರರು ಉಳಿಯುತ್ತಾರೆ, ಈ ವಾದದಲ್ಲಿ ಹುರುಳಿದೆ. ಆದರೆ ಸಣ್ಣ ಆಸ್ಪತ್ರೆ, ಜಿಲ್ಲಾ ಸಹಕಾರಿ ಬ್ಯಾಂಕು, ಇಂಥವರಿಗೆ ಯಾವಾಗಲೂ ಸುದ್ದಿ ಕೊನೆಗೇ ಮುಟ್ಟುತ್ತದೆ. ನಡುವಿನ ಆ ದಿನಗಳ ಬೆಲೆ ತೆರುವವರು ಯಾವಾಗಲೂ ಅವರೇ.

ಒಂದು ಮಾತು ವಿದ್ಯಾರ್ಥಿಗಳಿಗೆ. ಹಾರ್ಟ್‌ಬ್ಲೀಡ್‌ಗೂ ಮೊದಲು ಇದೇ ಲೈಬ್ರರಿಯಲ್ಲಿ ಇನ್ನೊಂದು ಅನಾಹುತ ಆಗಿತ್ತು. 2006ರಲ್ಲಿ ಡೆಬಿಯನ್ ಅನ್ನುವ ಲಿನಕ್ಸ್ ಆಪರೇಟಿಂಗ್ ಸಿಸ್ಟಮ್‌ನವರು, ಒಂದು ಪರೀಕ್ಷಾ ಸಾಧನ ಎಚ್ಚರಿಕೆ ಕೊಡುತ್ತಿದೆ ಅಂತ ಕೋಡಿನಿಂದ ಒಂದೆರಡು ಸಾಲು ತೆಗೆದರು. ಆ ಸಾಲುಗಳೇ ಕೀಲಿಗೆ ಬೇಕಾದ ಊಹಿಸಲಾಗದ ಸಂಖ್ಯೆಗಳನ್ನು ಒದಗಿಸುತ್ತಿದ್ದವು. ಆಮೇಲೆ ಹುಟ್ಟಿದ ಕೀಲಿಗಳು ಒಂದೊಂದು ಬಗೆಗೆ ಬರೀ 32,768 ಸಾಧ್ಯತೆಗಳೊಳಗೆ ಸಿಕ್ಕಿಬಿದ್ದವು. ಅಷ್ಟನ್ನು ಕಂಪ್ಯೂಟರಿನಲ್ಲಿ ಒಂದೊಂದಾಗಿ ಹಾಕಿ ನೋಡಿಬಿಡಬಹುದು. 2008ರ ಮೇ ತಿಂಗಳವರೆಗೆ ಯಾರಿಗೂ ಗೊತ್ತಾಗಲಿಲ್ಲ. ನಿಮಗೆ ಅರ್ಥವಾಗದ ಸಾಲನ್ನು ಅಳಿಸುವ ಮುಂಚೆ ಅದು ಯಾಕಿದೆ ಅಂತ ಬರೆದವರನ್ನು ಕೇಳಿ. ಅವರು ಸಿಗದಿದ್ದರೆ ಇನ್ನೊಬ್ಬರನ್ನು ಕೇಳಿ.

ಲಾಗ್4ಜೆ ಹೆಸರು ನಿಮ್ಮಲ್ಲಿ ಬಹಳ ಜನ ಕೇಳಿರುತ್ತೀರಿ. ಜಾವಾ ಪ್ರೋಗ್ರಾಮುಗಳು ದಿನಚರಿ ಬರೆದಿಡಲು ಬಳಸುವ ಲೈಬ್ರರಿ. 2013ರಲ್ಲಿ ಅದಕ್ಕೆ ಒಂದು ಸೌಲಭ್ಯ ಸೇರಿತು. ಲಾಗ್‌ನಲ್ಲಿ ಬರೆಯುವ ಸಾಲಿನೊಳಗೆ ಒಂದು ವಿಶೇಷ ಗುರುತು ಇದ್ದರೆ, ಲೈಬ್ರರಿ ಆ ಗುರುತು ಹೇಳಿದ ಕಡೆಗೆ ಹೋಗಿ ಮಾಹಿತಿ ತರುತ್ತದೆ. ಹೊರಗಿನವರ ಸರ್ವರಿನಿಂದಲೂ ತರುತ್ತದೆ, ತಂದದ್ದನ್ನು ಓಡಿಸಿಯೂಬಿಡುತ್ತದೆ. ಇದು ಯಾರೋ ಕದ್ದು ಸೇರಿಸಿದ್ದಲ್ಲ. ಒಬ್ಬ ಬಳಕೆದಾರರಿಗೆ ಬೇಕಾಗಿತ್ತು, ಪ್ಯಾಚ್ ಕಳಿಸಿದರು, ತಂಡ ಸೇರಿಸಿಕೊಂಡಿತು.

ಚಿತ್ರದುರ್ಗದ ಕೋಟೆಯ ಕಿಂಡಿ ನಿಮಗೆಲ್ಲ ಗೊತ್ತು. ಒನಕೆ ಓಬವ್ವನ ಕಥೆಯಲ್ಲಿ ನಮ್ಮ ಕಣ್ಣು ಯಾವಾಗಲೂ ಒನಕೆಯ ಮೇಲೆ. ನಾನು ಯೋಚಿಸುವುದು ಮೊಸರು ಮಾರುವ ಹೆಂಗಸಿನ ಬಗ್ಗೆ. ಅವಳು ಆ ಕಿಂಡಿಯಲ್ಲಿ ನುಸುಳಿ ಹೋಗುವುದನ್ನು ಹೈದರಾಲಿಯ ಕಡೆಯವರು ನೋಡಿದರು ಅಂತ ಕಥೆ ಹೇಳುತ್ತದೆ. ಅಂದರೆ ಆ ಕಿಂಡಿ ಒಬ್ಬರಿಗೆ ದಿನಾ ಓಡಾಡುವ ದಾರಿಯಾಗಿತ್ತು. ಮುಚ್ಚಿದ್ದರೆ ಅವಳು ಸುತ್ತು ಹಾಕಿಕೊಂಡು ಬರಬೇಕಾಗುತ್ತಿತ್ತು. ದೊಡ್ಡ ಸಾಫ್ಟ್‌ವೇರಿನಲ್ಲಿ ಬಹಳಷ್ಟು ಕಿಂಡಿಗಳು ಹೀಗೆ ಯಾರದೋ ಅನುಕೂಲಕ್ಕೆ ಉಳಿದುಕೊಂಡಿರುತ್ತವೆ. ತೆಗೆದುಹಾಕೋಣ ಅಂದರೆ ‘ನಮ್ಮ ಹಳೇ ಗಿರಾಕಿಯೊಬ್ಬರು ಬಳಸುತ್ತಾರೆ’ ಅನ್ನುವ ಉತ್ತರ ಬರುತ್ತದೆ.

ಲಾಗ್4ಜೆಯ ಲೋಪವನ್ನು ಚೀನಾದ ಅಲಿಬಾಬಾ ಕ್ಲೌಡ್ ಕಂಪನಿಯ ಚೆನ್ ಝಾವೊಜುನ್ 2021ರ ನವೆಂಬರ್ 24ರಂದು ಲೈಬ್ರರಿಯನ್ನು ನೋಡಿಕೊಳ್ಳುವ ಅಪಾಚೆ ಸಂಸ್ಥೆಯವರಿಗೆ ತಿಳಿಸಿದರು. ಡಿಸೆಂಬರ್ 9, 10ರ ಹೊತ್ತಿಗೆ ಇಡೀ ಲೋಕಕ್ಕೆ ಗೊತ್ತಾಯಿತು. ಮೈನ್‌ಕ್ರಾಫ್ಟ್ ಆಟದ ಚಾಟ್‌ನಲ್ಲಿ ಒಂದು ಸಾಲು ಬರೆದರೆ ಸರ್ವರ್ ಕೈವಶವಾಗುತ್ತಿತ್ತು. ತೀವ್ರತೆಯ ಅಂಕ ಹತ್ತಕ್ಕೆ ಹತ್ತು. ಸ್ವಯಂಸೇವಕರೇ ಇದ್ದ ಆ ಸಣ್ಣ ತಂಡ ತಿಂಗಳು ಮುಗಿಯುವುದರೊಳಗೆ ನಾಲ್ಕು ಆವೃತ್ತಿ ಬಿಡುಗಡೆ ಮಾಡಬೇಕಾಯಿತು. ಒಂದು ಕಡೆ ಮುಚ್ಚಿದರೆ ಇನ್ನೊಂದು ಕಡೆ ಸೋರುತ್ತಿತ್ತು. ಆ ಡಿಸೆಂಬರ್‌ನಲ್ಲಿ ನಮ್ಮ ಆಫೀಸಿನಲ್ಲಿ ಎಲ್ಲರೂ ಕೇಳುತ್ತಿದ್ದ ಪ್ರಶ್ನೆ ಒಂದೇ: ನಮ್ಮಲ್ಲಿ ಲಾಗ್4ಜೆ ಎಲ್ಲೆಲ್ಲಿದೆ? ಉತ್ತರ ಯಾರಿಗೂ ಗೊತ್ತಿರಲಿಲ್ಲ. ನಾವು ತಂದ ಲೈಬ್ರರಿಯೊಳಗೆ ಅದು ತಂದ ಲೈಬ್ರರಿ, ಅದರೊಳಗೆ ಇನ್ನೊಂದು. ಪಟ್ಟಿ ಮಾಡಲಿಕ್ಕೇ ಮೂರು ದಿನ ಹಿಡಿಯಿತು.

ಆಮೇಲೆ ನಡೆದದ್ದು ಇನ್ನೂ ಯೋಚಿಸುವಂಥದ್ದು. ಚೀನಾದಲ್ಲಿ 2021ರ ಸೆಪ್ಟೆಂಬರ್ 1ರಿಂದ ಒಂದು ನಿಯಮ ಜಾರಿಗೆ ಬಂದಿತ್ತು. ಸಾಫ್ಟ್‌ವೇರ್ ತಯಾರಿಸುವವರಿಗೆ ತಮ್ಮ ಲೋಪ ಗೊತ್ತಾದ ಎರಡು ದಿನದೊಳಗೆ ಸರ್ಕಾರದ ಸಚಿವಾಲಯಕ್ಕೆ ತಿಳಿಸಬೇಕು ಅಂತ. ಅಲಿಬಾಬಾ ಕ್ಲೌಡ್ ಮೊದಲು ಅಪಾಚೆಗೆ ಹೇಳಿತು, ಸಚಿವಾಲಯಕ್ಕೆ ಬೇಗ ಹೇಳಲಿಲ್ಲ. ಅದಕ್ಕೆ ಸಚಿವಾಲಯ ಆರು ತಿಂಗಳು ಅದರೊಂದಿಗಿನ ಮಾಹಿತಿ ಸಹಕಾರವನ್ನು ನಿಲ್ಲಿಸಿತು. ಸರಿಮಾಡಬಲ್ಲವರಿಗೆ ಮೊದಲು ಹೇಳಿದ್ದು ತಪ್ಪಾಯಿತು.

ಸರ್ಕಾರಕ್ಕೆ ಮೊದಲು ಹೇಳುವುದರಲ್ಲಿ ಅಪಾಯ ಏನು ಅಂತ ಕೇಳುತ್ತೀರಾ? ಫೈಲುಗಳಿಗೆ ಬೀಗ ಹಾಕಿ ದುಡ್ಡು ಕೇಳಿದ ವಾನಾಕ್ರೈ ಅನ್ನುವ ಕೆಟ್ಟ ಪ್ರೋಗ್ರಾಮನ್ನು ನೆನಪಿಸಿಕೊಳ್ಳಿ. ವಿಂಡೋಸ್‌ನ ಒಂದು ಲೋಪ ಅಮೆರಿಕದ ಗುಪ್ತಚರ ಸಂಸ್ಥೆ ಎನ್‌ಎಸ್‌ಎಗೆ ವರ್ಷಗಳ ಹಿಂದೆಯೇ ಗೊತ್ತಿತ್ತು. ಹೇಳಲಿಲ್ಲ. ತನ್ನ ಕೆಲಸಕ್ಕೆ ಬೇಕು ಅಂತ ಬಚ್ಚಿಟ್ಟುಕೊಂಡಿತು. ಆ ಭಂಡಾರಕ್ಕೇ ಕನ್ನ ಬಿತ್ತು. ಮೈಕ್ರೋಸಾಫ್ಟ್ 2017ರ ಮಾರ್ಚ್ 14ರಂದು ಪ್ಯಾಚ್ ಕೊಟ್ಟಿತು. ಏಪ್ರಿಲ್ 14ರಂದು ಶ್ಯಾಡೋ ಬ್ರೋಕರ್ಸ್ ಅನ್ನುವ ಗುಂಪು ಎನ್‌ಎಸ್‌ಎಯ ಆ ಆಯುಧವನ್ನು ಬಹಿರಂಗವಾಗಿ ಹರವಿತು. ಮೇ 12ರಂದು ಅದೇ ಆಯುಧ ಹಿಡಿದು ವಾನಾಕ್ರೈ ಹಬ್ಬಿತು. ಸುಮಾರು 150 ದೇಶಗಳಲ್ಲಿ ಎರಡು ಲಕ್ಷಕ್ಕೂ ಜಾಸ್ತಿ ಕಂಪ್ಯೂಟರುಗಳು ಬೀಗ ಬಿದ್ದು ನಿಂತವು. ಇಂಗ್ಲೆಂಡಿನ ಸರ್ಕಾರಿ ಆಸ್ಪತ್ರೆಗಳಲ್ಲಿ ಆಪರೇಷನ್‌ಗಳು ರದ್ದಾದವು, ಆ್ಯಂಬುಲೆನ್ಸ್‌ಗಳನ್ನು ಬೇರೆ ಕಡೆಗೆ ತಿರುಗಿಸಿದರು. ಆಪರೇಷನ್‌ಗೆ ಅಂತ ರಾತ್ರಿಯಿಂದ ಉಪವಾಸ ಇದ್ದು ವಾಪಸ್ ಮನೆಗೆ ಹೋದ ರೋಗಿಗೂ, ಲೋಪ ಬಚ್ಚಿಟ್ಟುಕೊಂಡ ಅಧಿಕಾರಿಗೂ ಯಾವ ಸಂಬಂಧ? ಇವರಿಬ್ಬರನ್ನು ಜೋಡಿಸಿದ್ದು ಆ ನಡುವಿನ ದಿನಗಳೇ.

ಇಲ್ಲಿ ಇನ್ನೊಂದು ಕಡೆಯ ಮಾತೂ ಹೇಳಬೇಕು. ದಾಳಿಯ ಹೊತ್ತಿಗೆ ಪ್ಯಾಚ್ ಬಂದು ಎರಡು ತಿಂಗಳಾಗಿತ್ತು. ಹಾಕಿಕೊಳ್ಳಲಿಲ್ಲ ಯಾಕೆ ಅಂತ ಬೈಯುವುದು ಸುಲಭ. ಸ್ಕ್ಯಾನಿಂಗ್ ಯಂತ್ರದ ಜೊತೆ ಬಂದ ಹಳೇ ಕಂಪ್ಯೂಟರಿಗೆ ಅಪ್‌ಡೇಟ್ ಹಾಕಿದರೆ ಯಂತ್ರವೇ ನಿಂತುಹೋಗಬಹುದು. ತಯಾರಕರು ಹಾಕಬೇಡಿ ಅಂದಿರುತ್ತಾರೆ. ಆಸ್ಪತ್ರೆಯ ಒಬ್ಬ ಐಟಿ ಹುಡುಗ ಏನು ಮಾಡಬೇಕು? ನಾನು ಅಂಥ ಜಾಗಗಳಲ್ಲಿ ಕೆಲಸ ಮಾಡುವವರನ್ನು ಹತ್ತಿರದಿಂದ ನೋಡಿದ್ದೇನೆ. ಅವರನ್ನು ದೂರುವ ಮನಸ್ಸಾಗುವುದಿಲ್ಲ.

ಯಾವುದನ್ನು ಭದ್ರತಾ ಲೋಪ ಅನ್ನಬೇಕು ಅನ್ನುವುದರಲ್ಲೂ ಒಮ್ಮತ ಇಲ್ಲ. ಲೋಪಗಳಿಗೆ ಸಿವಿಇ ಅಂತ ಒಂದು ಕ್ರಮಸಂಖ್ಯೆ ಕೊಡುತ್ತಾರೆ. 1999ರಲ್ಲಿ ಶುರುವಾದದ್ದು. ಲಿನಕ್ಸ್ ಕರ್ನಲ್‌ನವರು 2024ರ ಫೆಬ್ರವರಿಯಿಂದ ತಾವೇ ಸಂಖ್ಯೆ ಕೊಡತೊಡಗಿದರು. ಕರ್ನಲ್ ಎಲ್ಲದರ ಬುಡದಲ್ಲಿ ಇರುವಂಥದ್ದು, ಯಾವ ಬಗ್ ಎಲ್ಲಿ ಕನ್ನವಾಗುತ್ತದೆ ಅಂತ ಹೇಳಲಾಗುವುದಿಲ್ಲ, ಅದಕ್ಕೆ ಸ್ವಲ್ಪ ಅನುಮಾನ ಬಂದರೂ ಸಂಖ್ಯೆ ಕೊಡುತ್ತೇವೆ ಅನ್ನುವುದು ಅವರ ನಿಲುವು. ಸಾವಿರಾರು ಬಂದವು. ಕಂಪನಿಗಳ ಭದ್ರತಾ ತಂಡಗಳು ಇದನ್ನೆಲ್ಲ ಓದುವವರು ಯಾರು ಅಂತ ಕೂಗಿದವು.

ಇಂಟರ್ನೆಟ್ಟಿನಿಂದ ಮಾಹಿತಿ ತರುವ ಕರ್ಲ್ ಅನ್ನುವ ಸಾಧನಕ್ಕೆ ಆದದ್ದು ಬೇರೆ. ಅದರಲ್ಲಿ ಒಂದು ಸಣ್ಣ ಬಗ್ ಇತ್ತು. ಮತ್ತೆ ಪ್ರಯತ್ನಿಸುವ ಮುಂಚೆ ಇಷ್ಟು ಸೆಕೆಂಡ್ ಕಾಯಿ ಅಂತ ನೀವೇ ವಿಪರೀತ ದೊಡ್ಡ ಸಂಖ್ಯೆ ಕೊಟ್ಟರೆ ಅದು ಕಡಿಮೆ ಕಾಯುತ್ತಿತ್ತು. 2019ರಲ್ಲೇ ಸರಿಮಾಡಿದ್ದರು. ಯಾರೋ ಅದಕ್ಕೆ ಸಿವಿಇ ಸಂಖ್ಯೆ ಕೊಡಿಸಿದ್ದರು, 2023ರಲ್ಲಿ ಅದು ತೀವ್ರತೆ 9.8 ಅಂತ ದಾಖಲಾಯಿತು. ಕರ್ಲ್ ಕಟ್ಟಿದ ಡೇನಿಯಲ್ ಸ್ಟೆನ್‌ಬರ್ಗ್ ಬಹಿರಂಗವಾಗಿ ಪ್ರತಿಭಟಿಸಿದ ಮೇಲೆ ಅದು 3.3ಕ್ಕೆ ಇಳಿಯಿತು. ಈಚೆಗೆ ಎಐ ಬರೆದುಕೊಟ್ಟ ಸುಳ್ಳು ವರದಿಗಳು ಅವರಿಗೆ ಎಷ್ಟು ಬರತೊಡಗಿದವು ಅಂದರೆ, ಲೋಪ ಹುಡುಕಿದವರಿಗೆ ಹಣ ಕೊಡುವ ಯೋಜನೆಯನ್ನೇ 2026ರ ಜನವರಿ ಕೊನೆಗೆ ನಿಲ್ಲಿಸಿದರು. ನಿಮ್ಮಲ್ಲಿ ಯಾರಾದರೂ ಸುಲಭದ ದುಡ್ಡು ಅಂತ ಎಐಗೆ ಕೇಳಿ ವರದಿ ಕಳಿಸುತ್ತಿದ್ದರೆ, ದಯವಿಟ್ಟು ಬೇಡ. ಆ ಕಡೆ ಕೂತು ಓದುವವರು ತಮ್ಮ ಸಂಜೆಯ ಹೊತ್ತನ್ನು ಕೊಡುತ್ತಿರುವ ಮನುಷ್ಯರು.

ಅಂಥ ಮನುಷ್ಯರ ದಣಿವನ್ನೇ ಬಾಗಿಲು ಮಾಡಿಕೊಂಡವರೂ ಇದ್ದಾರೆ. ಫೈಲುಗಳನ್ನು ಕುಗ್ಗಿಸುವ ಎಕ್ಸ್‌ಜೆಡ್ ಅನ್ನುವ ಸಣ್ಣ ಲೈಬ್ರರಿಯನ್ನು ಲಾಸ್ಸೆ ಕಾಲಿನ್ ವರ್ಷಗಟ್ಟಲೆ ಒಬ್ಬರೇ ನೋಡಿಕೊಳ್ಳುತ್ತಿದ್ದರು. 2021ರಿಂದ ‘ಜಿಯಾ ಟ್ಯಾನ್’ ಅನ್ನುವ ಹೆಸರಿನಲ್ಲಿ ಯಾರೋ ಒಳ್ಳೆಯ ಪ್ಯಾಚ್‌ಗಳನ್ನು ಕಳಿಸುತ್ತಾ ಬಂದರು. ಇನ್ನು ಕೆಲವು ಹೆಸರುಗಳಿಂದ ‘ಕೆಲಸ ನಿಧಾನವಾಗುತ್ತಿದೆ, ಬೇರೆಯವರಿಗೆ ಜವಾಬ್ದಾರಿ ಕೊಡಿ’ ಅಂತ ಒತ್ತಡ ಬಂತು. ಕೊನೆಗೆ ಜಿಯಾ ಟ್ಯಾನ್ ಕೈಗೆ ಅಧಿಕಾರ ಬಂತು. 2024ರ 5.6.0 ಮತ್ತು 5.6.1 ಆವೃತ್ತಿಗಳಲ್ಲಿ ಹಿಂಬಾಗಿಲು ಸೇರಿತು. ಅದನ್ನು ಹಿಡಿದದ್ದು ಆಂಡ್ರೆಸ್ ಫ್ರೋಯಿಂಡ್ ಅನ್ನುವ ಡೇಟಾಬೇಸ್ ಎಂಜಿನಿಯರ್. ಅವರು ಭದ್ರತಾ ತಜ್ಞರೇ ಅಲ್ಲ. ಲಾಗಿನ್ ಆಗಲು ಅರ್ಧ ಸೆಕೆಂಡ್ ಜಾಸ್ತಿ ಹಿಡಿಯುತ್ತಿದೆ ಅಂತ ಅನುಮಾನ ಬಂತು, ಬಿಡದೆ ಬೆನ್ನು ಹತ್ತಿದರು. ಮಾರ್ಚ್ 29ರಂದು ಎಲ್ಲವನ್ನೂ ಬಹಿರಂಗವಾಗಿ ಬರೆದರು. ಡೆಬಿಯನ್‌ನಂಥ ಲಿನಕ್ಸ್ ತಂಡಗಳ ಭದ್ರತಾ ವಿಭಾಗಕ್ಕೆ ಅದಕ್ಕೂ ಮೊದಲು ತಿಳಿಸಿದ್ದರು, ಆದರೆ 90 ದಿನ ಕಾಯಲಿಲ್ಲ. ಸರಿಮಾಡಬೇಕಾದವರೇ ಕಳ್ಳರಾಗಿರಬಹುದಾದರೆ ಅವರಿಗೆ ಗುಟ್ಟಾಗಿ ಹೇಳಿ ಕಾಯುವುದು ಹೇಗೆ? ಮುಖ್ಯ ಲಿನಕ್ಸ್ ಆವೃತ್ತಿಗಳಿಗೆಲ್ಲ ಅದು ಹರಡುವ ಮುಂಚೆಯೇ ತಡೆ ಬಿತ್ತು. 90 ದಿನದ ನಿಯಮವನ್ನು ನಾನು ಒಪ್ಪುತ್ತೇನೆ. ಆದರೆ ಅವತ್ತು ಅವರು ಅದನ್ನು ಪಾಲಿಸದೆ ಇದ್ದದ್ದೇ ಸರಿ.

ನಮ್ಮ ದೇಶದ ವಿಷಯಕ್ಕೆ ಬಂದರೆ, ನನ್ನ ಲ್ಯಾಬಿನವರು ಬರೆದ ಬೆದರಿಕೆ ಪತ್ರಕ್ಕೆ ಒಂದು ಕಾನೂನಿನ ನೆಲೆ ಇದೆ. 2000ದ ಐಟಿ ಕಾಯ್ದೆಯ 43ನೇ ಕಲಂ ಒಡೆಯರ ಅನುಮತಿಯಿಲ್ಲದೆ ಕಂಪ್ಯೂಟರಿನೊಳಗೆ ಹೋಗುವುದನ್ನು ತಪ್ಪು ಅನ್ನುತ್ತದೆ. ಮೋಸದ ಉದ್ದೇಶವಿದ್ದರೆ 66ನೇ ಕಲಂ ಪ್ರಕಾರ ಮೂರು ವರ್ಷದವರೆಗೆ ಶಿಕ್ಷೆ. ಒಳ್ಳೆಯ ಮನಸ್ಸಿನಿಂದ ಹೇಳಿದವರಿಗೆ ರಕ್ಷಣೆ ಇದೆ ಅಂತ ಸ್ಪಷ್ಟವಾಗಿ ಬರೆದ ಸಾಲು ಅದರಲ್ಲಿಲ್ಲ. ಸರ್ಟ್-ಇನ್ ಅಂತ ಕೇಂದ್ರ ಸರ್ಕಾರದ ಸಂಸ್ಥೆ 2004ರಿಂದ ಇದೆ, ಲೋಪಗಳ ವರದಿಯನ್ನು ಅದು ತೆಗೆದುಕೊಳ್ಳುತ್ತದೆ, ಕಂಪನಿಯ ಜೊತೆ ಮಾತಾಡುತ್ತದೆ. ನನಗೆ ಆಗ ಅದು ಹೊಳೆಯಲಿಲ್ಲ. ನಿಮಗೆ ಯಾವತ್ತಾದರೂ ಹೀಗಾದರೆ ಅಲ್ಲಿಗೂ ಬರೆಯಿರಿ. ಕಂಡ ತಕ್ಷಣ ನಿಲ್ಲಿಸಿ, ಇನ್ನೊಂದು ಅಂಕಿ ಹಾಕಿ ನೋಡಬೇಡಿ. ಯಾರ ಮಾಹಿತಿಯನ್ನೂ ಉಳಿಸಿಕೊಳ್ಳಬೇಡಿ. ದಿನಾಂಕ, ಸಮಯ ಬರೆದಿಡಿ. ದುಡ್ಡು ಕೇಳಬೇಡಿ.

ಇನ್ನು ಕಂಪನಿ, ಕಾಲೇಜು, ಕಚೇರಿ ನಡೆಸುವವರಿಗೆ ಒಂದು ಕೋರಿಕೆ. ಸೆಕ್ಯೂರಿಟಿ ಡಾಟ್ ಟಿಎಕ್ಸ್‌ಟಿ ಅಂತ ಒಂದು ಫೈಲ್ ಇದೆ. 2022ರ ಏಪ್ರಿಲ್‌ನಲ್ಲಿ ಆರ್‌ಎಫ್‌ಸಿ 9116 ಅನ್ನುವ ಇಂಟರ್ನೆಟ್ ದಾಖಲೆಯಲ್ಲಿ ಅದರ ರೂಪ ನಿಗದಿಯಾಯಿತು. ಕಡ್ಡಾಯವಾಗಿ ಬೇಕಾದದ್ದು ಎರಡೇ ಸಾಲು. ಲೋಪ ಕಂಡವರು ಯಾರಿಗೆ ಬರೆಯಬೇಕು ಅನ್ನುವುದು ಒಂದು, ಈ ಮಾಹಿತಿ ಯಾವ ದಿನಾಂಕದವರೆಗೆ ಸರಿ ಅನ್ನುವುದು ಇನ್ನೊಂದು. ಅದನ್ನು ವೆಬ್‌ಸೈಟಿನಲ್ಲಿ ಅದಕ್ಕೆಂದೇ ನಿಗದಿಯಾದ ಜಾಗದಲ್ಲಿ ಇಡಬೇಕು. ಅವತ್ತು ಆ ಲ್ಯಾಬಿನವರು ಅಂಥ ಒಂದು ಫೈಲ್ ಇಟ್ಟಿದ್ದರೆ ನಾನು ಕೌಂಟರಿನ ಹುಡುಗಿಗೆ ಫೋನ್ ಮಾಡುತ್ತಿರಲಿಲ್ಲ.

ಬೆಳಗ್ಗೆ ಇಲ್ಲಿಗೆ ಬರುವ ಮುಂಚೆ ನಿಮ್ಮ ಕಾಲೇಜಿನ ವೆಬ್‌ಸೈಟಿನಲ್ಲಿ ಆ ಫೈಲ್ ಇದೆಯಾ ಅಂತ ನೋಡಿದೆ. ಇಲ್ಲ. ನಿಮ್ಮ ಫಲಿತಾಂಶ, ಫೀಸು, ಹಾಜರಿ ಎಲ್ಲ ಅದೇ ಸೈಟಿನಲ್ಲಿದೆ. ಪ್ರಾಂಶುಪಾಲರು ಮುಂದಿನ ಸಾಲಿನಲ್ಲೇ ಕೂತಿದ್ದಾರೆ, ಸೈಟ್ ನೋಡಿಕೊಳ್ಳುವ ಇಬ್ಬರು ಹುಡುಗರು ಹಿಂದೆ ಇದ್ದಾರೆ ಅಂತ ಕೇಳಿದೆ. ಮಾತು ಮುಗಿದ ಮೇಲೆ ಲ್ಯಾಪ್‌ಟಾಪ್ ತೆಗೆದುಕೊಂಡು ಬನ್ನಿ. ಹತ್ತು ನಿಮಿಷದ ಕೆಲಸ, ಜೊತೆಯಲ್ಲೇ ಕೂತು ಮಾಡೋಣ. ಬಂದ ಪತ್ರಕ್ಕೆ ಉತ್ತರ ಬರೆಯುವವರು ಯಾರು ಅಂತ ಮಾತ್ರ ಸರ್ ಈಗಲೇ ಒಬ್ಬರ ಹೆಸರು ಹೇಳಬೇಕು.